ಮಗ ಓದದೆ ಇಟ್ಟಿದ್ದ ಪುಸ್ತಕಗಳು

ಅಕ್ಕಲಕೋಟ, ಹೊರಡುವ ಮುಂಚೆ

ತಮ್ಮನ ಹೆಂಡತಿಯ ಮೊಣಕಾಲು ಕೈಕೊಡದಿದ್ದರೆ ನಾನು ಕೆನಡಾ ನೋಡುತ್ತಿರಲಿಲ್ಲ. ತಮ್ಮ ಸಿದ್ರಾಮನಿಗೆ ಸೊಲ್ಲಾಪುರದಲ್ಲಿ ಟವೆಲ್ಲಿನ ವ್ಯಾಪಾರ. ಊರೊಳಗೆ ಅಂಗಡಿ, ಊರಾಚೆ ಚಿಂಚೋಳಿ ಎಂಐಡಿಸಿ ಕೈಗಾರಿಕಾ ಪ್ರದೇಶದಲ್ಲಿ ಗೋದಾಮು. ಅವನ ಟವೆಲ್ಲುಗಳು ಎಷ್ಟೋ ವರ್ಷಗಳಿಂದ ಮಾಂಟ್ರಿಯಲ್ ಎಂಬ ಊರಿನ ಕ್ಷೌರದಂಗಡಿಗಳಿಗೂ ಸಣ್ಣ ಹೋಟೆಲುಗಳಿಗೂ ಹೋಗುತ್ತಿದ್ದವು. ಅಲ್ಲಿ ಮಾಲು ತರಿಸಿಕೊಳ್ಳುತ್ತಿದ್ದ ಹೈಮನ್ ಎಂಬ ಮುದುಕರು ಈಗ ಅಂಗಡಿ ಮುಚ್ಚುವವರಿದ್ದರು. ಅವರನ್ನು ಕಂಡು, ಅವರ ಜಾಗಕ್ಕೆ ಬರುವವರ ಪರಿಚಯ ಮಾಡಿಕೊಂಡು ಬರುವುದು ಸಿದ್ರಾಮನ ಕೆಲಸ. ಇಂಥ ಪ್ರಯಾಣಕ್ಕೆ ಯಾವಾಗಲೂ ಹೆಂಡತಿ ಜೊತೆಯಾಗುತ್ತಿದ್ದಳು. ಈ ಸಲ ಅವಳು ಮೊಣಕಾಲಿನ ಆಪರೇಶನ್ ಮಾಡಿಸಿಕೊಂಡು ಕೋಲು ಹಿಡಿದಿದ್ದಳು.

ಒಂದು ದಿನ ಸಿದ್ರಾಮ ಅಕ್ಕಲಕೋಟಕ್ಕೆ ಬಂದು ನನ್ನ ಅಡುಗೆಮನೆಯ ಹೊಸ್ತಿಲಲ್ಲಿ ನಿಂತ.

"ಅಕ್ಕಾ, ನೀ ಬರ್ತೀಯೇನು? ಒಬ್ಬವನ ಹೋದ್ರ ನನಗ ಊಟಾನೂ ಇಳಿಯಂಗಿಲ್ಲ, ನಿದ್ದಿನೂ ಹತ್ತಂಗಿಲ್ಲ."

"ಅಲ್ಲಿ ನನಗೇನು ಕೆಲಸದ?"

"ನನ್ನ ಕೂಡ ಮಾತಾಡೂದು."

ಅಕ್ಕಲಕೋಟ ತಾಲೂಕಿನ ಹಳ್ಳಿಯೊಂದರ ಕನ್ನಡ ಶಾಲೆಯಲ್ಲಿ ಪಾಠ ಹೇಳಿ ನಿವೃತ್ತಳಾದವಳು ನಾನು. ಕಥೆ ಬರೆಯುತ್ತೇನೆ. ಎರಡು ಸಂಕಲನಗಳಿವೆ. ಶಾಲೆ ಬಿಟ್ಟ ಮೇಲೆ ಕಾಲಿಗೆ ಕೆಲಸವಿಲ್ಲದಂತಾಗಿ, ದಿನಾ ಬೆಳಿಗ್ಗೆ ಬಸ್‌ಸ್ಟ್ಯಾಂಡಿಗೆ ಹೋಗಿ, ವಿಜಯಪುರದ ಬಸ್ಸಿನಲ್ಲಿ ಬರುವ ಕನ್ನಡ ಪತ್ರಿಕೆಗೆ ಕಾದು, ಅದನ್ನು ನಿಂತೇ ಓದಿ ಮುಗಿಸಿ ಬರುತ್ತಿದ್ದೆ. ಬರವಣಿಗೆ ನಿಂತು ಮೂರು ವರ್ಷವಾಗಿತ್ತು. ಏಕೆ ನಿಂತಿತೆಂದು ಕೇಳಿದವರಿಗೆ ಕಣ್ಣಿನ ನೆಪ ಹೇಳುತ್ತಿದ್ದೆ.

ಸಿದ್ರಾಮನಿಗೆ ಕನ್ನಡ ಓದಲು ಬಾರದು. ನಾನು ಹಳ್ಳಿಯಲ್ಲಿ ಏಳನೆಯ ಇಯತ್ತೆಯವರೆಗೆ ಕನ್ನಡದಲ್ಲಿ ಕಲಿತ ಮೇಲೆ ಅಪ್ಪ ಸೊಲ್ಲಾಪುರಕ್ಕೆ ಬಂದ. ತಮ್ಮನನ್ನು ಮನೆಯೆದುರಿನ ಮರಾಠಿ ಶಾಲೆಗೆ ಹಾಕಿದರು. ಒಂದೇ ತಾಟಿನಲ್ಲಿ ಉಂಡು, ಒಂದೇ ಮಾತಿನಲ್ಲಿ ಜಗಳವಾಡಿ ಬೆಳೆದೆವು, ಪುಸ್ತಕ ಮಾತ್ರ ಬೇರೆಯಾಯಿತು. ನನ್ನ ಕಥೆಯೊಂದಕ್ಕೆ ಪತ್ರಿಕೆಯವರು ಬಹುಮಾನ ಕೊಟ್ಟಾಗ ಅಂಗಡಿಗೆ ಬಂದವರಿಗೆಲ್ಲ ಪೇಡೆ ಹಂಚಿದವನು ಅವನು. ನನ್ನ ಫೋಟೋ ಇದ್ದ ಆ ಪುಟವನ್ನು ಹಣದ ಗಲ್ಲೆಯ ಗಾಜಿನ ಕೆಳಗೆ ಇಟ್ಟುಕೊಂಡಿದ್ದಾನೆ. ಆ ಪುಟ ನೆನಪಾದರೆ ನನಗೆ ಅವನ ಅಂಗಡಿಗೆ ಹೋಗುವುದೇ ಬೇಡವೆನ್ನಿಸುತ್ತದೆ. ಕಾರಣವನ್ನು ಮುಂದೆ ಹೇಳುತ್ತೇನೆ.

ಮಾಂಟ್ರಿಯಲ್, ಮೊದಲ ಎರಡು ದಿನ

ವಿಮಾನ ನಿಲ್ದಾಣದಲ್ಲಿ ನಮ್ಮ ಶೇಂಗಾ ಚಟ್ನಿಯ ಡಬ್ಬಿ ತೆಗೆಸಿದರು. ಅಧಿಕಾರಿಣಿ ಮುಚ್ಚಳ ತೆರೆದು ಮೂಗಿನ ಹತ್ತಿರ ಹಿಡಿದವಳು ಸೀನತೊಡಗಿ ನಿಲ್ಲಿಸಲೇ ಇಲ್ಲ. ಪಕ್ಕದವನು ನಗುತ್ತ ನಮ್ಮನ್ನು ಕೈ ಬೀಸಿ ಕಳಿಸಿಬಿಟ್ಟ. ಸಿದ್ರಾಮ ಟ್ಯಾಕ್ಸಿಯಲ್ಲಿ ಕೂತ ಮೇಲೂ ಡಬ್ಬಿಯನ್ನು ಕೂಸಿನ ಹಾಗೆ ತೊಡೆಯ ಮೇಲಿಟ್ಟುಕೊಂಡಿದ್ದ.

ಹೋಟೆಲಿನಲ್ಲಿ ನನ್ನದು ಬೇರೆಯೇ ಫಜೀತಿ. ಸ್ನಾನ ಮಾಡಿ, ತಮ್ಮನ ಕೋಣೆಯಲ್ಲಿ ಎಣ್ಣೆ ಸಿಗುತ್ತದೆಯೇ ಎಂದು ಕೇಳಲು ಬರಿಗಾಲಲ್ಲಿ ಹೊರಬಂದೆ. ಬಾಗಿಲು ತನ್ನಷ್ಟಕ್ಕೆ ಬೀಗ ಹಾಕಿಕೊಂಡಿತು. ತಮ್ಮ ಕೆಳಗೆ ಹೋಗಿದ್ದ. ಒದ್ದೆ ಕೂದಲು ಬಿಟ್ಟುಕೊಂಡು ಓಣಿಯಂಥ ಆ ಹಜಾರದಲ್ಲಿ ಅರ್ಧ ತಾಸು ಅತ್ತಿಂದಿತ್ತ ಓಡಾಡಿದೆ. ಎದುರು ಬಂದವರೆಲ್ಲ ಗುಡ್ ಮಾರ್ನಿಂಗ್ ಅಂದು ಮುಂದೆ ಹೋದರು, ಯಾಕೆ ಹೀಗೆ ಎಂದು ಒಬ್ಬರೂ ಕೇಳಲಿಲ್ಲ. ನಮ್ಮಲ್ಲಾದರೆ ಐದು ನಿಮಿಷದಲ್ಲಿ ನಾಲ್ಕು ಜನ ಸೇರಿ, ನಾನು ಯಾರ ಮಗಳು, ಯಾರ ಸೊಸೆ ಎಂಬುದನ್ನು ತಿಳಿದುಕೊಂಡು, ಆಮೇಲೆ ಬಾಗಿಲಿಗೆ ಬರುತ್ತಿದ್ದರು.

ನನ್ನಿಂದ ಕೋಣೆಯಲ್ಲಿ ಕೂಡಲಾಗಲಿಲ್ಲ. ತಮ್ಮ ಭೇಟಿಗಳಿಗೆ ಹೋದಾಗಲೆಲ್ಲ ಸೀರೆಯ ಒಳಗೆ ಉಣ್ಣೆಯ ಪಾಯಿಜಾಮ, ಕಾಲಿಗೆ ಅವನ ಹಳೆಯ ಬೂಟು ಹಾಕಿಕೊಂಡು ನಡೆದೆ. ಬಸ್ಸಿಗಾಗಿ ಅಲ್ಲಿಯ ಜನ ನಿಲ್ಲುವ ರೀತಿ ಕಂಡು ನಾನೂ ಸುಮ್ಮನೆ ನಿಂತೆ. ಇಪ್ಪತ್ತು ಜನ ಕಾಲುದಾರಿಯ ಮೇಲೆ ಒಬ್ಬರ ಹಿಂದೆ ಒಬ್ಬರು. ತಳ್ಳುವುದಿಲ್ಲ, ಕೂಗುವುದಿಲ್ಲ. ಬಸ್ಸು ನಿಲ್ಲುವ ಮೊದಲೇ ಕಿಟಕಿಯಿಂದ ಕರವಸ್ತ್ರ ಎಸೆದು ಸೀಟು ಹಿಡಿಯುವ ನಮ್ಮ ಕಲೆ ಅಲ್ಲಿ ಯಾರಿಗೂ ಗೊತ್ತಿಲ್ಲ. ನನ್ನ ಸರದಿ ಬಂದಾಗ ನನಗೆ ಎಲ್ಲಿಗೂ ಹೋಗಬೇಕಾಗಿಲ್ಲವೆಂದು ನೆನಪಾಗಿ ಸರಿದು ನಿಂತೆ. ಹಿಂದಿದ್ದವನು ನನಗೆ ಸಾರಿ ಅಂದ.

ಅಂಗಡಿಗಳ ಫಲಕಗಳಲ್ಲಿ ಫ್ರೆಂಚ್ ದಪ್ಪಕ್ಷರದಲ್ಲಿ, ಇಂಗ್ಲಿಷ್ ಇದ್ದರೆ ಅದರ ಕೆಳಗೆ ಸಣ್ಣದಾಗಿ. ಯಾವ ಅಕ್ಷರ ಎಷ್ಟು ದೊಡ್ಡದಿರಬೇಕೆಂಬುದಕ್ಕೆ ಅಲ್ಲಿ ಕಾನೂನೇ ಇದೆಯಂತೆ. ಗಡಿಯ ಊರುಗಳಲ್ಲಿ ಬೋರ್ಡಿನ ಜಗಳ ನೋಡುತ್ತ ಬೆಳೆದ ನನಗೆ, ಇಷ್ಟು ದೂರ ಬಂದರೂ ಊರು ಬಿಟ್ಟಂತೆ ಅನ್ನಿಸಲಿಲ್ಲ.

ಹೈಮನ್ ಅವರ ಅಂಗಡಿ

ಮೂರನೆಯ ದಿನ ಸಿದ್ರಾಮ ನನ್ನನ್ನೂ ಅಂಗಡಿಗೆ ಕರೆದುಕೊಂಡು ಹೋದ. ಹೈಮನ್ ಅವರಿಗೆ ಎಪ್ಪತ್ತು ದಾಟಿ ಕೆಲವು ವರ್ಷಗಳಾಗಿವೆ. ಎತ್ತರದ ಆಳು, ಬಾಗಿದ ಕುತ್ತಿಗೆ, ಎರಡು ಬಣ್ಣದ ಕಾಲುಚೀಲ. ಹೆಂಡತಿ ತೀರಿಕೊಂಡಿದ್ದಾರೆ, ಮಕ್ಕಳಿಲ್ಲ. ನನ್ನ ಕೈಹಿಡಿದು, "ಶೋಲಾಪುರ್! ಶೋಲಾಪುರ್!" ಎಂದು ದೇವರ ಹೆಸರು ಹೇಳುವಂತೆ ಎರಡು ಸಲ ಹೇಳಿದರು. ಅವರ ಇಂಗ್ಲಿಷು ನನಗೆ ಅರ್ಥವಾಗುತ್ತಿತ್ತು, ನನ್ನ ಶಾಲೆಯ ಇಂಗ್ಲಿಷು ಅವರಿಗೂ. ಅವರ ಮಾತುಗಳನ್ನು ಇಲ್ಲಿ ಕನ್ನಡಕ್ಕೆ ತಿರುಗಿಸಿ ಬರೆಯುತ್ತಿದ್ದೇನೆ.

ಕಪಾಟುಗಳೆಲ್ಲ ಖಾಲಿಯಾಗಿದ್ದವು. ಹಿಂದಿನ ಕೋಣೆಯಲ್ಲಿ ಮಾತ್ರ ಹನ್ನೊಂದು ರಟ್ಟಿನ ಪೆಟ್ಟಿಗೆಗಳು. ಟವೆಲ್ಲಿನವು ಇರಬೇಕೆಂದು ಸಿದ್ರಾಮ ಒಂದನ್ನು ಎತ್ತಲು ಹೋದ, ಎತ್ತಲಾಗಲಿಲ್ಲ.

"ಪುಸ್ತಕಗಳು. ನನ್ನ ತಾಯಿಯವು. ಶುಕ್ರವಾರ ರದ್ದಿಯವನು ಬರುತ್ತಾನೆ" ಎಂದರು ಹೈಮನ್.

"ತಾಯಿ ಬಹಳ ಓದುತ್ತಿದ್ದರೇ?" ಎಂದು ಕೇಳಿದೆ.

"ಬರೆಯುತ್ತಿದ್ದಳು. ಯಿಡ್ಡಿಶ್ ಭಾಷೆಯಲ್ಲಿ. ಯುರೋಪಿನಿಂದ ಬಂದ ನಮ್ಮ ಯಹೂದಿಗಳ ಮನೆಮಾತು."

ನಾನು ಅಲ್ಲೇ ಒಂದು ಪೆಟ್ಟಿಗೆಯ ಮೇಲೆ ಕೂತುಬಿಟ್ಟೆ. ಸಿದ್ರಾಮ ಅತ್ತ ಹೊಸ ಗಿರಾಕಿಯ ಜೊತೆ ಮಾತಿಗೆ ಹೋದ. ಹೈಮನ್ ಚಹಾ ತಂದುಕೊಟ್ಟು, ನಾನು ಕೇಳಿದ್ದಕ್ಕೆಲ್ಲ ನಿಂತುಕೊಂಡೇ ಉತ್ತರ ಹೇಳಿದರು.

ತಾಯಿಯ ಹೆಸರು ಫ್ರೇದಾ. ಪೋಲೆಂಡಿನ ಒಂದು ಸಣ್ಣ ಊರಿನ ಗಾಡಿ ಹೊಡೆಯುವವನ ಮಗಳು. ಮಹಾಯುದ್ಧ ಬಂದಾಗ ಅವಳೊಬ್ಬಳು ಪೂರ್ವಕ್ಕೆ, ರಷ್ಯಾದ ಕಡೆ ಓಡಿಹೋಗಿದ್ದಳು. ಯುದ್ಧ ಮುಗಿದು ತಿರುಗಿ ಬಂದಾಗ ಅವಳ ಮನೆಯವರಲ್ಲಿ ಒಬ್ಬರೂ ಉಳಿದಿರಲಿಲ್ಲ. ಯಹೂದಿಗಳಾಗಿದ್ದರೆಂಬ ಕಾರಣಕ್ಕೆ ಎಲ್ಲರನ್ನೂ ಕೊಂದಿದ್ದರು. ನಿರಾಶ್ರಿತರ ಶಿಬಿರದಲ್ಲಿ ಒಬ್ಬ ದರ್ಜಿಯನ್ನು ಮದುವೆಯಾಗಿ, ಹಡಗು ಹತ್ತಿ, ಈ ಊರಿಗೆ ಬಂದಳು. ಇಲ್ಲಿಯ ಬಟ್ಟೆಯ ಕಾರ್ಖಾನೆಯಲ್ಲಿ ಕೋಟಿನ ತೋಳುಗಳಿಗೆ ಅಸ್ತರು ಹೊಲಿಯುವ ಕೆಲಸ. ಸಂಜೆ ಅಡುಗೆಯಾದ ಮೇಲೆ, ಬಟ್ಟೆ ಕತ್ತರಿಸುವ ಅಳತೆಯ ಕಂದು ಕಾಗದದ ಹಿಂಬದಿಯಲ್ಲಿ ಕಥೆ. ಆಗ ಈ ಊರಿನಲ್ಲಿ ಯಿಡ್ಡಿಶ್ ಪತ್ರಿಕೆ ಬರುತ್ತಿತ್ತು. ಅದರಲ್ಲಿ ವಾರಕ್ಕೊಂದು ಕಥೆ ಅಚ್ಚಾಗುತ್ತಿತ್ತು. ಸತ್ತ ಊರಿನ ಬಗ್ಗೆ ಅವಳು ಹೆಚ್ಚು ಬರೆಯಲಿಲ್ಲವಂತೆ. ಕಾರ್ಖಾನೆಯ ಹೆಂಗಸರು, ಮಹಡಿಯ ಮೆಟ್ಟಿಲು, ಮನೆಯ ಮಾಲೀಕಳ ಕೆಮ್ಮು, ಇಂಥವು.

"ಮೂರು ಪುಸ್ತಕ ಬಂದವು. ತಾನೇ ಸಂತೆಯ ಚೀಲದಲ್ಲಿ ತುಂಬಿಕೊಂಡು, ಮೆಟ್ಟಿಲು ಹತ್ತಿ ಹತ್ತಿ ಮನೆಮನೆಗೆ ಮಾರಿದಳು" ಎಂದರು ಹೈಮನ್. "ಚಳಿಗಾಲದಲ್ಲೂ."

"ಹಾಗಾದರೆ ಇಷ್ಟೂ ಮಾರಾಟವಾಗದೆ ಉಳಿದವೇ?"

"ಇವು ಉಳಿದವಲ್ಲ. ಮಾರಾಟವಾಗಿ ತಿರುಗಿ ಬಂದವು."

ನನಗೆ ಅರ್ಥವಾಗಲಿಲ್ಲ. ಅವರು ಪೆಟ್ಟಿಗೆಯೊಂದನ್ನು ತೆರೆದು ಪುಸ್ತಕದ ಮೊದಲ ಪುಟ ತೋರಿಸಿದರು. ಬಲದಿಂದ ಎಡಕ್ಕೆ, ಮಸಿಯಲ್ಲಿ, ಯಾರದೋ ಹೆಸರು ಬರೆದು ಸಹಿ ಹಾಕಿತ್ತು. ಇನ್ನೊಂದರಲ್ಲಿ ಇನ್ನೊಂದು ಹೆಸರು. ಕೊಂಡವರು ಒಬ್ಬೊಬ್ಬರಾಗಿ ತೀರಿಕೊಂಡರಂತೆ. ಅವರ ಮಕ್ಕಳಿಗೆ ಯಿಡ್ಡಿಶ್ ಓದಲು ಬರುತ್ತಿರಲಿಲ್ಲ, ಮನೆ ಖಾಲಿ ಮಾಡುವಾಗ ಕಸದ ಜೊತೆ ಪುಸ್ತಕಗಳನ್ನೂ ಹೊರಗೆ ಇಡುತ್ತಿದ್ದರು. ಸಾವಿನ ಸುದ್ದಿ ಬಂದ ವಾರದೊಳಗೆ ಫ್ರೇದಾ ಅದೇ ಚೀಲ ಹಿಡಿದು ಹೋಗಿ ತನ್ನ ಪುಸ್ತಕವನ್ನು ಕೇಳಿ ತರುತ್ತಿದ್ದಳು. ತೊಂಬತ್ತರ ಹತ್ತಿರ ಅವಳೂ ಹೋಗುವ ಹೊತ್ತಿಗೆ ಹನ್ನೊಂದು ಪೆಟ್ಟಿಗೆಗಳಾಗಿದ್ದವು.

"ಗ್ರಂಥಾಲಯದವರಲ್ಲಿ ಇವೆ. ಇನ್ನು ಬೇಡವೆಂದರು" ಎಂದು ಹೈಮನ್ ಪೆಟ್ಟಿಗೆ ಮುಚ್ಚಿದರು.

"ನೀವು ಓದಿದ್ದೀರಾ?"

"ನನಗೆ ಓದಲು ಬರುವುದಿಲ್ಲ" ಎಂದು ಅವರು ಲೋಟ ತೊಳೆಯಲು ಹೋದರು.

ಅಡುಗೆಮನೆಯ ಮೇಜು

ಮರುದಿನ ಮಧ್ಯಾಹ್ನ ನಮಗೆ ಅವರ ಮನೆಯಲ್ಲಿ ಊಟ. ಆ ಭಾಗದ ಮನೆಗಳಿಗೆ ಮೆಟ್ಟಿಲುಗಳು ಹೊರಗಿವೆ. ಕಬ್ಬಿಣದವು, ಸುತ್ತಿಕೊಂಡು ರಸ್ತೆಯಿಂದ ಮಹಡಿಗೆ ಏರುತ್ತವೆ. ಅರ್ಧ ಹತ್ತಿದ ಮೇಲೆ ನನ್ನ ಸೀರೆಯ ಅಂಚು ಒಂದು ಬೋಲ್ಟಿಗೆ ಸಿಕ್ಕಿಕೊಂಡಿತು. ಕೆಳಗೆ ಆಡುತ್ತಿದ್ದ ಮಕ್ಕಳು, ಕಪ್ಪು ಟೊಪ್ಪಿಗೆ, ಕಿವಿಯ ಮುಂದೆ ಸುರುಳಿ ಜಡೆ, ನನ್ನನ್ನು ನೋಡಿ ತಮ್ಮೊಳಗೇ ಏನೋ ಮಾತಾಡಿಕೊಂಡರು.

"ಇವರಾಡಿದ್ದು ಯಿಡ್ಡಿಶ್" ಎಂದರು ಮೇಲೆ ನಿಂತಿದ್ದ ಹೈಮನ್.

"ಹಾಗಾದರೆ ಭಾಷೆ ಸತ್ತಿಲ್ಲ!"

"ಸತ್ತಿಲ್ಲ. ಆದರೆ ಇವರು ಕಟ್ಟಾ ಸಂಪ್ರದಾಯದ ಯಹೂದಿಗಳು, ದೇವರ ಪುಸ್ತಕ ಬಿಟ್ಟು ಬೇರೆ ಓದುವವರಲ್ಲ. ನನ್ನ ತಾಯಿ ದೇವರನ್ನು ನಂಬುತ್ತಿರಲಿಲ್ಲ. ಅವಳ ಪುಸ್ತಕವನ್ನು ಇವರ ಮನೆಯೊಳಗೆ ಬಿಡುವುದಿಲ್ಲ."

ಊಟವಾಯಿತು. ಬಟಾಟೆಯನ್ನು ಇಷ್ಟು ಸಪ್ಪೆಯಾಗಿಯೂ ಮಾಡಬಹುದೆಂದು ನನಗೆ ಗೊತ್ತಿರಲಿಲ್ಲ. ಸಿದ್ರಾಮ ನಾಚಿಕೆ ಬಿಟ್ಟು ಚಟ್ನಿಯ ಡಬ್ಬಿ ತೆಗೆದ. ನಾನು ಹಿಂದಿನ ದಿನ ಕೇಳಿಕೊಂಡು ತಂದಿದ್ದ ಒಂದು ಪುಸ್ತಕವನ್ನು ಮೇಜಿನ ಮೇಲಿಟ್ಟು, ಹೆಸರಿನ ಮೊದಲ ಅಕ್ಷರದ ಮೇಲೆ ಬೆರಳಿಟ್ಟು, ಇದೇನು ಎಂದು ಕೇಳಿದೆ. ಅವರು ಅಕ್ಷರದ ಹೆಸರು ಹೇಳಿದರು. ಮುಂದಿನದನ್ನು ಕೇಳಿದೆ, ಅದನ್ನೂ ಹೇಳಿದರು. ಹತ್ತು ಅಕ್ಷರ ಆಯಿತು. ಹನ್ನೆರಡನೆಯ ವರ್ಷದಲ್ಲಿ ಹೀಬ್ರೂ ಪ್ರಾರ್ಥನೆ ಓದಲೆಂದು ಕಲಿಸಿದ್ದರಂತೆ, ಯಿಡ್ಡಿಶ್‌ಗೂ ಅವೇ ಅಕ್ಷರ.

"ಮನೆಯಲ್ಲಿ ತಾಯಿ ಮಾತಾಡಿದ್ದು ತಿಳಿಯುತ್ತಿತ್ತೇ?"

"ಎಲ್ಲವೂ. ಅವಳು ನನ್ನ ಜೊತೆ ಬೇರೆ ಭಾಷೆಯಲ್ಲಿ ಮಾತಾಡಲೇ ಇಲ್ಲ."

ಮೂವತ್ತು ವರ್ಷ ನಾನು ಮಾಡಿದ್ದು ಇದೇ ಕೆಲಸ. ಮನೆಯಲ್ಲಿ ಕನ್ನಡ, ಓಣಿಯಲ್ಲಿ ಮರಾಠಿ ಆಡುವ ಮಕ್ಕಳನ್ನು ಕೂಡಿಸಿಕೊಂಡು, ಗಟ್ಟಿಯಾಗಿ ಓದು, ಬಾಯಿ ಹೇಳಲಿ, ಕಿವಿಗೆ ತಿಳಿಯುತ್ತದೆ ಎಂದು ಹೇಳಿಕೊಡುವುದು. ಅಕ್ಷರ ಗೊತ್ತಿದೆ, ಮಾತು ಗೊತ್ತಿದೆ, ಮತ್ತೆ ಓದಲು ಬರುವುದಿಲ್ಲವೆಂದರೆ ಏನರ್ಥ ಎಂದು ನೇರವಾಗಿ ಕೇಳಿದೆ. ಸಿದ್ರಾಮ ಮೇಜಿನ ಕೆಳಗೆ ನನ್ನ ಕಾಲು ತುಳಿದ.

ಹೈಮನ್ ತಟ್ಟೆಗಳನ್ನು ಒಂದರ ಮೇಲೊಂದು ಇಟ್ಟರು. "ನನ್ನ ತಾಯಿ ಕಂಡದ್ದನ್ನೆಲ್ಲ ಬರೆಯುತ್ತಿದ್ದಳು" ಎಂದರು. "ಅದೇ ಮನೆಯಲ್ಲಿ ನಾನೂ ಇದ್ದೆನಲ್ಲ."

ಆಮೇಲೆ ತಾವೇ ಪುಸ್ತಕವನ್ನು ಎಳೆದುಕೊಂಡು ಪರಿವಿಡಿಯ ಮೇಲೆ ಬೆರಳಾಡಿಸಿದರು. ಒಂದು ಹೆಸರಿನ ಹತ್ತಿರ ಬೆರಳು ನಿಂತಿತು. "ಹೆಂ... ಚ್... ಕೆ" ಎಂದರು. ಹೆಂಚ್ಕೆ ಎಂದರೆ ಕೈಗವಸು. ಅವರ ಮುಖದ ಬಣ್ಣ ಇಳಿಯಿತು.

ಓದುವ ಮೊದಲು ಅವರು ನಮಗೆ ನಡೆದದ್ದನ್ನು ಹೇಳಿದರು. ಎಂಟು ವರ್ಷದವರಿದ್ದಾಗ ಒಂದು ಚಳಿಯ ದಿನ ಕೈಗವಸು ಮರೆತು ಶಾಲೆಗೆ ಹೋಗಿದ್ದರು. ತಾಯಿ ಅದನ್ನು ಹಿಡಿದುಕೊಂಡು, ತಲೆಗೆ ಬಟ್ಟೆ ಕಟ್ಟಿಕೊಂಡು, ಶಾಲೆಯ ಬೇಲಿಯ ಹೊರಗೆ ನಿಂತು, "ಖಾಯ್ಮೆಲೆ! ಖಾಯ್ಮೆಲೆ!" ಎಂದು ಕೂಗಿದಳು. ಮನೆಯಲ್ಲಿ ಕರೆಯುವ ಹೆಸರು ಅದು. ಇಂಗ್ಲಿಷ್ ಆಡುವ ಗೆಳೆಯರು, ಯಾರವಳು ಎಂದು ಕೇಳಿದರು. ಗೊತ್ತಿಲ್ಲ, ಯಾರದೋ ಮನೆಯ ಕೆಲಸದವಳಿರಬೇಕು ಎಂದು ಹುಡುಗ ಹೇಳಿದ. ತಾಯಿ ಕೈಗವಸನ್ನು ಬೇಲಿಯ ಕಂಬಕ್ಕೆ ಸಿಕ್ಕಿಸಿ ಹೊರಟುಹೋದಳು. ಸಂಜೆ ಎಂದಿನಂತೆ ಊಟಕ್ಕಿಟ್ಟಳು. ಆ ಮಾತನ್ನು ಸಾಯುವವರೆಗೆ ಎತ್ತಲಿಲ್ಲ.

"ಕೇಳಿಸಿತ್ತೋ ಇಲ್ಲವೋ ಎಂಬುದೇ ನನಗೆ ಗೊತ್ತಿರಲಿಲ್ಲ" ಎಂದರು.

ಓದಲು ಶುರು ಮಾಡಿದರು. ಅದು ಓದೇ ಅಲ್ಲ, ಗಾಡಿ ಕಲ್ಲಿನ ದಾರಿಯಲ್ಲಿ ಹೋದಂತೆ. ಒಂದು ಶಬ್ದ, ನಿಲುಗಡೆ, ಮತ್ತೊಂದು ಶಬ್ದ. ಕೆಲವು ಶಬ್ದಗಳ ಕಾಗುಣಿತ ಬೇರೆಯಾಗಿದ್ದು ಗೊತ್ತಾಗದೆ ಹಾರಿಸಿದರು. ಎರಡನೆಯ ಪುಟಕ್ಕೆ ಬಾಯಿ ಸಡಿಲಾಯಿತು, ದನಿ ಬದಲಾಯಿತು. ಹೆಂಗಸಿನ ಮಾತು ಬಂದಲ್ಲಿ ಅವರು ತಾಯಿಯ ಧಾಟಿಯಲ್ಲೇ ಹೇಳುತ್ತಿದ್ದಾರೆಂದು ನಮಗೂ ತಿಳಿಯುತ್ತಿತ್ತು. ನಡುನಡುವೆ ನಿಲ್ಲಿಸಿ ನಮಗೆ ಇಂಗ್ಲಿಷಿನಲ್ಲಿ ಹೇಳುವರು. ಬೇಲಿ ಬಂತು. ಹುಡುಗನ ಮಾತು ಬಂತು. ಶಬ್ದಕ್ಕೆ ಶಬ್ದ ಅದೇ. ಅವಳಿಗೆ ಕೇಳಿಸಿತ್ತು.

ಕೊನೆಯ ಪುಟದಲ್ಲಿ ಅವರು ತಟ್ಟನೆ ನಿಂತರು. ಒಂದು ಸಾಲನ್ನು ಎರಡು ಸಲ, ಮೂರು ಸಲ ಓದಿದರು.

"ಹೊಡೆದಳು!" ಎಂದರು. "ಕಥೆಯಲ್ಲಿ ತಾಯಿ ಮನೆಗೆ ಬಂದ ಹುಡುಗನ ಕೆನ್ನೆಗೆ ಹೊಡೆಯುತ್ತಾಳೆ! ಆಮೇಲೆ ಇಬ್ಬರೂ ಕೂತು ಸೂಪು ಕುಡಿಯುತ್ತಾರೆ. ಅಷ್ಟೆ, ಮುಗಿಯಿತು." ಅವರು ನಗುತ್ತಿದ್ದರು, ಕಣ್ಣಿಂದ ನೀರು ಸುರಿಯುತ್ತಿತ್ತು. "ಆ ಹೊಡೆತಕ್ಕಾಗಿ ನಾನು ಜೀವಮಾನವೆಲ್ಲ ಕಾದೆ. ಪೆಟ್ಟಿಗೆಯಲ್ಲೇ ಇತ್ತು."

ಸಿದ್ರಾಮ ಎದ್ದು ಹೋಗಿ ಅವರ ಬೆನ್ನ ಮೇಲೆ ಕೈಯಿಟ್ಟ. ನನಗೆ ಆ ಕೋಣೆಯಲ್ಲಿ ಕೂಡಲಾಗಲಿಲ್ಲ. ಹೊರಗೆ ಹೋಗಿ ಆ ಕಬ್ಬಿಣದ ಮೆಟ್ಟಿಲಿನ ತುದಿಯಲ್ಲಿ, ಚಳಿಯಲ್ಲಿ, ಬೂಟಿಲ್ಲದೆ ನಿಂತೆ.

ಗುಡ್ಡದ ದಾರಿ

ಊರ ನಡುವೆ ಒಂದು ಗುಡ್ಡವಿದೆ. ಭಾನುವಾರ ಜನರೆಲ್ಲ ಅದನ್ನು ಹತ್ತುತ್ತಾರೆ, ಮೇಲೆ ದೇವರಿಲ್ಲ, ಪ್ರಸಾದವಿಲ್ಲ, ಆದರೂ ಹತ್ತುತ್ತಾರೆ. ಆ ಭಾನುವಾರ ನಾವಿಬ್ಬರೂ ಹೊರಟೆವು. ಹೈಮನ್ ಅವರ ಮನೆಯ ಊಟದ ದಿನದಿಂದ ನನಗೆ ಅನ್ನ ರುಚಿಸಿರಲಿಲ್ಲ. ಅರ್ಧ ದಾರಿಯಲ್ಲಿ ಒಂದು ಕಟ್ಟೆಯ ಹತ್ತಿರ ನಿಂತು ಹೇಳಿಯೇಬಿಟ್ಟೆ.

"ಸಿದ್ರಾಮ, ನಾ ನಿನ್ನ ಮ್ಯಾಲ ಒಂದು ಕತಿ ಬರದೀನಿ."

"ಭಾರಿ ಆತಲ್ಲ! ಯಾವಾಗ? ಅಚ್ಚ ಆಗೇದೇನು?"

"ನಿನ್ನ ಗಲ್ಲೆದಾಗ ಗಾಜಿನ ಕೆಳಗ ಇಟ್ಟೀಯಲ್ಲ, ಅದ."

ಅವನ ಮುಖ ಅರಳಿತು. ನಾನು ಬೇಗಬೇಗ ಹೇಳತೊಡಗಿದೆ, ನಿಲ್ಲಿಸಿದರೆ ಮತ್ತೆ ಬಾಯಿ ಬರುವುದಿಲ್ಲವೆಂದು.

ನಮ್ಮ ಅವ್ವ ಸೊಲ್ಲಾಪುರದ ಒಂದು ಆಸ್ಪತ್ರೆಯ ಮಹಡಿಯ ವಾರ್ಡಿನಲ್ಲಿ ತೀರಿಕೊಂಡಳು. ಆ ದಿನ ಬೆಳಿಗ್ಗೆ ಸಿದ್ರಾಮ, ಗೋದಾಮಿಗೆ ಹೋಗಿ ಮಧ್ಯಾಹ್ನದೊಳಗೆ ಬರುತ್ತೇನೆಂದು ಹೇಳಿ ಹೋದ. ಹನ್ನೆರಡಕ್ಕೆ ಅವ್ವನಿಗೆ ಉಸಿರು ಹೆಚ್ಚಾಯಿತು. ಫೋನ್ ಮಾಡಿದೆ, ಎತ್ತಲಿಲ್ಲ. ಎಷ್ಟು ಸಲ ಮಾಡಿದೆನೋ. ಎರಡಕ್ಕೆ ಅವ್ವ ಹೋದಳು. ಅವನು ಮೇಲೆ ಬಂದದ್ದು ನಾಲ್ಕಕ್ಕೆ. ಆ ಸಿಟ್ಟಿನಲ್ಲಿ ಮೂರು ತಿಂಗಳಾದ ಮೇಲೆ ಒಂದು ಕಥೆ ಬರೆದೆ. ತಾಯಿ ಸಾಯುತ್ತಿರುವಾಗ ಮಾಲಿನ ಚೀಲ ಎಣಿಸುತ್ತ ನಿಂತ ವ್ಯಾಪಾರಿ ಮಗನ ಕಥೆ. ಎಂಥ ಕಲ್ಲೆದೆಯ ಮಗನನ್ನು ಚಿತ್ರಿಸಿದ್ದೀರಿ ಎಂದು ಓದುಗರು ಪತ್ರ ಬರೆದರು. ಬಹುಮಾನ ಬಂತು. ತಮ್ಮ ಪೇಡೆ ಹಂಚಿದ. ಆಮೇಲೆ ನಾನು ಬರೆಯಲು ಕೂತಾಗಲೆಲ್ಲ ಆ ಪೇಡೆಯ ಡಬ್ಬಿ ಕಣ್ಣಮುಂದೆ ಬಂದು, ಪೆನ್ನು ಕೆಳಗಿಟ್ಟು ಏಳುತ್ತಿದ್ದೆ.

"ಪೂರಾ ಹೇಳು" ಎಂದ ಸಿದ್ರಾಮ.

ಪೂರಾ ಹೇಳಿದೆ. ನಮ್ಮ ಎದುರಿಗೆ ಜನ ನಾಯಿಗಳನ್ನು ಹಿಡಿದುಕೊಂಡು ಹತ್ತುತ್ತಿದ್ದರು, ಇಳಿಯುತ್ತಿದ್ದರು.

"ಹೆಸರು ಹಾಕೀಯೇನು?"

"ಇಲ್ಲ. ಟವೆಲ್ ಬಿಟ್ಟು ಉಳ್ಳಾಗಡ್ಡಿ ವ್ಯಾಪಾರಿ ಮಾಡೀನಿ."

"ಉಳ್ಳಾಗಡ್ಡಿ" ಎಂದ. ತಿರುಗಿ ಇಳಿಯತೊಡಗಿದ. ಅವನ ಹಿಂದೆ ನಾನು, ಇಪ್ಪತ್ತು ಹೆಜ್ಜೆ ಅಂತರದಲ್ಲಿ.

ಆಕಾಶದಲ್ಲಿ, ರೈಲಿನಲ್ಲಿ

ಉಳಿದ ಎರಡು ದಿನ ಅವನು ನನ್ನ ಜೊತೆ ಬೇಕಾದಷ್ಟೇ ಮಾತಾಡಿದ. ಚಹಾ ಬೇಕೇ. ಪಾಸ್‌ಪೋರ್ಟ್ ಎಲ್ಲಿದೆ. ಬಯ್ದಿದ್ದರೆ ನಾನೂ ಬಯ್ಯುತ್ತಿದ್ದೆ. ವಿಮಾನದಲ್ಲಿ ಎದುರಿನ ಪರದೆಯ ಮೇಲೆ ನಕಾಶೆ ಹಾಕಿಕೊಂಡು ಕೂತ. ಸಣ್ಣ ವಿಮಾನವೊಂದು ಸಮುದ್ರದ ಮೇಲೆ ಇರುವೆಯಂತೆ ಹರಿಯುವುದನ್ನು ತಾಸುಗಟ್ಟಲೆ ನೋಡಿದ. ನಾನು ಎದ್ದು ಹಿಂದೆ ಮುಂದೆ ಎಷ್ಟು ಸಲ ಓಡಾಡಿದೆನೆಂದರೆ, ವಿಮಾನದ ಹುಡುಗಿ ಬಂದು ಮೈ ಸರಿಯಿಲ್ಲವೇ ಎಂದು ಕೇಳಿದಳು.

ಮುಂಬೈಯಿಂದ ಸೊಲ್ಲಾಪುರಕ್ಕೆ ಹಗಲು ರೈಲು. ಪಕ್ಕದ ಸೀಟಿನ ಹೆಂಗಸು ಮರಾಠಿಯಲ್ಲಿ, ನೀವಿಬ್ಬರೂ ಯಾವ ಊರಿಗೆ ಹೋಗಿದ್ದಿರಿ ಎಂದು ವಿಚಾರಿಸಿದಳು. ಸಿದ್ರಾಮ ಅವಳಿಗೆ ಕೆನಡಾದ ಬಸ್ಸಿನ ಸಾಲಿನಿಂದ ಹಿಡಿದು ಚಟ್ನಿಯವರೆಗೆ ನಗುನಗುತ್ತ ಎಲ್ಲ ಹೇಳಿದ. ಅವಳು ದೌಂಡಿನಲ್ಲಿ ಇಳಿದ ಮೇಲೆ ಮತ್ತೆ ಕಿಟಕಿಯ ಕಡೆ ತಿರುಗಿದ.

ಸೊಲ್ಲಾಪುರ

ಸ್ಟೇಶನ್ನಿನಲ್ಲಿ ರಿಕ್ಷಾ ಹತ್ತಿದೆವು. ಮನೆಯ ಕಡೆ ತಿರುಗಬೇಕಾದಲ್ಲಿ ಸಿದ್ರಾಮ ಚಾಲಕನಿಗೆ ಮರಾಠಿಯಲ್ಲಿ ಬೇರೆ ದಾರಿ ಹೇಳಿದ. ರಿಕ್ಷಾ ಹೋಗಿ ನಿಂತದ್ದು ಆ ಆಸ್ಪತ್ರೆಯ ಎದುರು. ಅವನು ಇಳಿದು, ಗೇಟಿನ ಪಕ್ಕ ಎಳನೀರಿನವನ ಗಾಡಿಯ ಹಿಂದೆ ಬೇವಿನ ಮರದ ಕೆಳಗಿದ್ದ ಸಿಮೆಂಟಿನ ಬೆಂಚಿನ ಮೇಲೆ ಕೂತ. ನನ್ನನ್ನೂ ಕೂರೆಂದು ಕೈಮಾಡಿದ.

"ಅವ್ವ ಹೋದ ದಿನ ನಾ ಇಲ್ಲಿ ಕೂತಿದ್ದೆ."

"ಚಿಂಚೋಳಿಯಾಗ ಇದ್ದೆ ಅಂದಿದ್ದೆಲ್ಲ?"

"ಸುಳ್ಳು ಹೇಳಿದ್ದೆ. ಗೋದಾಮಿಗೆ ಹೋಗಿದ್ದೆ, ಲಗೂನ ತಿರುಗಿ ಬಂದೆ. ಮ್ಯಾಲ ಹತ್ತಾಕ ಕಾಲು ಏಳಲಿಲ್ಲ. ಎರಡು ತಾಸು ಇಲ್ಲೇ ಕೂತೆ."

"ಫೋನು?" ಎಂದೆ.

"ಕೈಯಾಗ ಹಿಡ್ಕೊಂಡಿದ್ದೆ. ನಿನ್ನ ಹೆಸರು ಬರ್ತಿತ್ತು, ಹೋಗ್ತಿತ್ತು. ಎತ್ತಿದ್ರ ನೀ ಏನು ಹೇಳ್ತಿ ಅಂತ ಗೊತ್ತಿತ್ತು ನನಗ. ಎತ್ತೋತನಕ ಅವ್ವ ಅದಾಳ, ಹಂಗ ಅನಿಸ್ತಿತ್ತು."

ಎಳನೀರಿನವನು ನಮ್ಮ ಕಡೆ ನೋಡಿ, ಕೊಡಲೇ ಎಂದು ಕತ್ತಿ ಎತ್ತಿದ. ಸಿದ್ರಾಮ ಬೇಡವೆಂದ.

"ಆವತ್ತ ನನಗ ಯಾಕ ಹೇಳಲಿಲ್ಲ ತಮ್ಮಾ?"

"ಧಂದಾದಾಗ ಇದ್ದ ಅಂದ್ರ ಮಂದಿ ಬೈತಾರ, ಬಿಡ್ತಾರ. ಅಂಜಿ ಕೂತಿದ್ದ ಅಂದ್ರ ಏನಂತಾರ? ಐವತ್ತು ವರ್ಷದ ಗಂಡಸ." ಅವನು ಬೆಂಚಿನ ಸಿಮೆಂಟನ್ನು ಉಗುರಿನಿಂದ ಕೆರೆಯುತ್ತಿದ್ದ. "ನೀ ಬರದ ಕತಿ ಭಾರಿ ಅದ. ಖರೇ ಹೇಳ್ತೀನಿ. ಆದರ ಅಂವ ನಾ ಅಲ್ಲ ಅಕ್ಕಾ. ಬರಿಯೂಕಿಂತ ಮೊದಲ ನನ್ನ ಒಂದು ಮಾತ ಕೇಳಬೇಕಾಗಿತ್ತು."

ಬಸ್ಸಿನಲ್ಲಿ ಪಕ್ಕ ಕೂತ ಅಪರಿಚಿತರನ್ನು ಕೆದಕಿ ಕೆದಕಿ ಕೇಳಿ ಕಥೆ ಬರೆದವಳು ನಾನು. ಅವ್ವ ಹೋದ ಮೇಲೆ ನಾಲ್ಕು ವರ್ಷ, ಒಂದು ದಿನವೂ ತಮ್ಮನನ್ನು ಎದುರಿಗೆ ಕೂರಿಸಿಕೊಂಡು, ಆ ದಿನ ಎಲ್ಲಿದ್ದೆ, ಏನಾಯಿತು ಎಂದು ಕೇಳಿರಲಿಲ್ಲ. ನನಗೆ ಗೊತ್ತಿದೆ ಎಂದುಕೊಂಡಿದ್ದೆ. ಅವನ ಕೈಹಿಡಿದೆ. ಅವನು ಬಿಡಿಸಿಕೊಳ್ಳಲಿಲ್ಲ. ರಿಕ್ಷಾದವನು ಹಾರ್ನ್ ಹೊಡೆದಾಗ ಎದ್ದೆವು.

"ಈಗ ಇದನ್ನ ಬರೀಲೇನು?" ಎಂದು ರಿಕ್ಷಾದಲ್ಲಿ ಕೇಳಿದೆ. ಹಾಗೆ ಕೇಳಿದ್ದಕ್ಕೆ ನನಗೇ ನಾಚಿಕೆಯಾಯಿತು.

ಮೂರು ಚೌಕ ದಾಟಿದ ಮೇಲೆ ಅವನೆಂದ, "ಬರಿ. ಆದರ ಅಚ್ಚಿಗೆ ಕೊಡೂಕಿಂತ ಮೊದಲ ನನಗ ಓದಿ ಹೇಳು."

ಮತ್ತೆ ಅಕ್ಕಲಕೋಟ

ಹೈಮನ್ ರದ್ದಿಯವನನ್ನು ಬರಿಗೈಯಲ್ಲಿ ತಿರುಗಿ ಕಳಿಸಿದರು. ಪೆಟ್ಟಿಗೆಗಳನ್ನು ಮನೆಗೆ ತರಿಸಿಕೊಂಡು, ದಿನಾ ಬೆಳಿಗ್ಗೆ ಒಂದು ಪುಟ ಗಟ್ಟಿಯಾಗಿ ಓದುತ್ತಾರಂತೆ. ಅರ್ಥವಾಗದ ಶಬ್ದ ಬಂದರೆ ಮೆಟ್ಟಿಲ ತುದಿಗೆ ಹೋಗಿ ಕೆಳಗಿನ ಮಕ್ಕಳನ್ನು ಕೇಳುತ್ತಾರೆ. ಯಾರ ಪುಸ್ತಕವೆಂದು ತಿಳಿಯದ ಆ ಮಕ್ಕಳು ಪಟಪಟನೆ ಅರ್ಥ ಹೇಳಿ ಆಟಕ್ಕೆ ಓಡುತ್ತಾರೆ. ಎರಡನೆಯ ಪುಸ್ತಕದಲ್ಲಿ ಅವರ ತಂದೆಯ ಮೇಲೆ ಒಂದು ಕಥೆ ಸಿಕ್ಕಿದೆಯೆಂದು ಮೊನ್ನೆ ಸಿದ್ರಾಮನಿಗೆ ಫೋನ್ ಮಾಡಿ ಹೇಳಿದರು. ಅದು ಅವರಿಗೆ ಹಿಡಿಸಿಲ್ಲ. ಅಪ್ಪ ಹಾಗಿರಲಿಲ್ಲ ಎಂದು ತಾಯಿಯ ಮೇಲೆ ಸಿಟ್ಟಾಗಿದ್ದಾರೆ.

ನಾನು ಇದನ್ನು ಬರೆದು ಮುಗಿಸಿದ ವಾರ ಸಿದ್ರಾಮ ಬಂದ. ಅಂದು ಗುರುವಾರ, ನಮ್ಮೂರ ಸ್ವಾಮಿಗಳ ದರ್ಶನದ ದಿನ, ಊರೆಲ್ಲ ಯಾತ್ರಿಕರ ವಾಹನಗಳು. ಅವನ ಕಾರು ನಮ್ಮ ಓಣಿಗೆ ಬರಲಾಗದೆ ಅರ್ಧ ಮೈಲಿ ನಡೆದು ಬಂದ. ಕಿಟಕಿ ಮುಚ್ಚಿ ಓದಲು ಕೂತೆ. ಅವನು ಕಾಲು ಮಡಚಿ ಗೋಡೆಗೆ ಒರಗಿ ಕೇಳಿದ. ಮಾಂಟ್ರಿಯಲ್ಲಿನ ಒಂದು ರಸ್ತೆಯ ಹೆಸರನ್ನು ತಪ್ಪು ಬರೆದಿದ್ದೆ, ತಿದ್ದಿದ. ಅದನ್ನು ತೆಗೆದೇಬಿಟ್ಟೆ. ಹೈಮನ್ ಅತ್ತಿದ್ದು ಬಂದಾಗ ಕಣ್ಣು ಒರೆಸಿಕೊಂಡ. ಬೆಂಚಿನ ಕಡೆ ಬಂದಾಗ ಕೈಯೆತ್ತಿ ನಿಲ್ಲಿಸಿದ.

"ಎರಡು ತಾಸು ಅಂತ ಬರದೀಯಲ್ಲ."

"ನೀನ ಹೇಳಿದ್ದಿ."

"ಹೌದು, ಹೇಳಿದ್ದೆ." ಅವನು ನನ್ನ ಕೈಯಲ್ಲಿದ್ದ ಹಾಳೆಯನ್ನೇ, ಓದಲು ಬರುವವನಂತೆ, ನೋಡುತ್ತಿದ್ದ. "ಮುಂಜಾನಿ ನಿನಗ ಹೇಳಿ ಕೆಳಗ ಇಳದೆ ನೋಡು, ಅವಾಗಿಂದ. ಗೋದಾಮಿಗೆ ಹೋಗೇ ಇರಲಿಲ್ಲ. ನಾಲ್ಕಕ್ಕ ಮ್ಯಾಲ ಬರೂತನಕ ಅಲ್ಲೇ ಇದ್ದೆ."

ಹೊರಗೆ ಯಾರೋ ಜೋರಾಗಿ ಹಾರ್ನ್ ಹೊಡೆಯುತ್ತಿದ್ದರು. ನಾನು ಪೆನ್ನು ತೆಗೆದು ಆ ಸಾಲನ್ನು ಹೊಡೆಯಲು ಹೋದೆ. ಅವನು ನನ್ನ ಮಣಿಕಟ್ಟು ಹಿಡಿದ.

"ಹೊಡೀಬ್ಯಾಡ. ಅದೂ ಇರಲಿ. ಮೊದಲು ಹಂಗ ಹೇಳಿದ್ದೆ ಅಂತನೂ ಗೊತ್ತಾಗಲಿ."

ಎರಡನ್ನೂ ಇಟ್ಟಿದ್ದೇನೆ.